ಸಮಾಧಾನ ಬೇಡ ಎಂದವಳ ಅಧ್ಯಾಯ

ಮಾನ್ಯ ಅಧ್ಯಕ್ಷರೇ, ವೇದಿಕೆಯ ಮೇಲಿರುವ ನಮ್ಮ ಚರ್ಚಿನ ಸಭಾಪಾಲಕರೇ, ಬಿಡುವು ಮಾಡಿಕೊಂಡು ದಯಮಾಡಿಸಿರುವ ಮುಖ್ಯ ಅತಿಥಿಗಳೇ, ಕಿವುಡರ ಸಂಘದ ಪದಾಧಿಕಾರಿಗಳೇ, ಕೇಳುತ್ತಿರುವ ಸಭಿಕರೇ, ಹಾಗೂ ನೋಡುತ್ತಿರುವ ಸಭಿಕರೇ,

ನಿಮಗೆಲ್ಲ ನನ್ನ ವಂದನೆಗಳು. ಈಗ ತಾನೇ ಅರ್ಧ ಸಭೆ ಚಪ್ಪಾಳೆ ತಟ್ಟಿತು. ಇನ್ನರ್ಧ ಸಭೆ ನಮ್ಮ ಕ್ರಮದಂತೆ ಎರಡೂ ಕೈ ಮೇಲೆತ್ತಿ ಗಾಳಿಯಲ್ಲಿ ಆಡಿಸಿತು. ಗೊತ್ತಿಲ್ಲದವರು ಬಾಗಿಲಲ್ಲಿ ನಿಂತು ನೋಡಿದರೆ, ಅರ್ಧ ಜನ ಹೊಗಳುತ್ತಿದ್ದಾರೆ, ಅರ್ಧ ಜನ ‘ಸಾಕು, ಇಳಿಯಮ್ಮ ಕೆಳಗೆ’ ಎನ್ನುತ್ತಿದ್ದಾರೆ ಎಂದುಕೊಂಡಾರು. ನನ್ನ ಮಾತು ಮುಗಿಯುವ ಹೊತ್ತಿಗೆ ಆ ಎರಡನೆಯ ಅರ್ಥವೇ ಸರಿ ಎಂದು ನಿಮಗೂ ಅನ್ನಿಸಬಹುದು.

ಮೂವತ್ತೊಂದು ವರ್ಷ ನಾನು ಈ ವೇದಿಕೆಯ ಎಡಮೂಲೆಯಲ್ಲಿ, ಆ ಹೂಕುಂಡದ ಪಕ್ಕದಲ್ಲಿ ನಿಂತವಳು. ಮಾತಾಡುವವರು ನಡುವೆ ನಿಂತು ಮಾತಾಡುತ್ತಿದ್ದರು. ಮೂಲೆಯಲ್ಲಿ ನನ್ನ ಕೈ ಆಡುತ್ತಿತ್ತು. ಇವತ್ತು ನನ್ನನ್ನು ನಡುವೆ ನಿಲ್ಲಿಸಿದ್ದೀರಿ. ಮೂಲೆಯಲ್ಲಿ ಕಿವುಡ ಮಕ್ಕಳ ಶಾಲೆಯ ಮೇಷ್ಟ್ರು ನಿಂತಿದ್ದಾರೆ. ಇನ್ನು ಮುಂದೆ ಅವರೇ ನಿಮ್ಮ ದುಭಾಷಿ. ಮೇಷ್ಟ್ರೇ, ನಾನು ಓಡಿದರೆ ಕೈ ಎತ್ತಿ, ನಿಲ್ಲುತ್ತೇನೆ. ನನ್ನ ಬೆರಳ ಗೆಣ್ಣುಗಳಿಗೆ ವಾತ ಬಂದು ಕೂತಿರುವುದು ಎಲ್ಲರಿಗೂ ಗೊತ್ತು. ಸನ್ನೆ ಭಾಷೆಯಲ್ಲಿ ಬೆರಳು ಮಡಿಸಲು ಆಗದವಳೆಂದರೆ ಬಾಯಿಮಾತಿನಲ್ಲಿ ತೊದಲು ಬಂದವಳಿದ್ದ ಹಾಗೆ. ಆದ್ದರಿಂದ ಈ ನಿವೃತ್ತಿ, ಆದ್ದರಿಂದ ಈ ಸನ್ಮಾನ.

ಈ ಕೆಲಸ ಹೇಗೆ ಕಲಿತಿರಿ ಎಂದು ಎಲ್ಲರೂ ಕೇಳುತ್ತಾರೆ. ನಾನು ಕಲಿಯಲಿಲ್ಲ, ನನ್ನ ಅಣ್ಣ ಕಲಿಸಿದ. ನನಗಿಂತ ನಾಲ್ಕು ವರ್ಷ ದೊಡ್ಡವನು, ಹುಟ್ಟು ಕಿವುಡ. ಮಂಚದ ಕೆಳಗೆ ಕೂತು ಅವನೂ ನಾನೂ ಕೈಯಲ್ಲೇ ಒಂದು ಭಾಷೆ ಕಟ್ಟಿಕೊಂಡೆವು. ಆರನೇ ವಯಸ್ಸಿಗೆ ನಾನು ಮನೆಯ ದುಭಾಷಿ. “ಏನಂತೆ ಅವನಿಗೆ?” ಎಂದು ಅಮ್ಮ ಕೇಳಬೇಕು, ನಾನು ಹೇಳಬೇಕು. ಅಪ್ಪ ಸಿಡುಕರು. ಅಣ್ಣನನ್ನು ನೋಡಿ, “ಈ ದಂಡಪಿಂಡ ಇನ್ನೂ ಎದ್ದಿಲ್ವಾ?” ಎನ್ನುತ್ತಿದ್ದರು. ಅಣ್ಣ ನನ್ನ ಮುಖ ನೋಡುತ್ತಿದ್ದ. ನಾನು ಸನ್ನೆಯಲ್ಲಿ, “ಅಪ್ಪ ಊಟಕ್ಕೆ ಕರೀತಿದಾರೆ” ಎನ್ನುತ್ತಿದ್ದೆ. ಅಣ್ಣ ಕೋಪದಲ್ಲಿ ಅಪ್ಪನಿಗೆ ಏನೋ ಬೈದರೆ, “ಬರ್ತಾನಂತೆ ಅಪ್ಪ, ಕೈ ತೊಳ್ಕೊಂಡು ಬರ್ತಾನಂತೆ” ಎನ್ನುತ್ತಿದ್ದೆ. ನೀವು ನಗುತ್ತಿದ್ದೀರಿ. ನಮ್ಮ ಅಮ್ಮನೂ ನಗುತ್ತಿದ್ದಳು. “ನೀನಿರೋದ್ರಿಂದ ಈ ಮನೇಲಿ ಜಗಳಾನೇ ಇಲ್ಲ ಕಣೆ” ಎನ್ನುತ್ತಿದ್ದಳು. ಆ ಮಾತು ನನಗೆ ಎಷ್ಟು ಹಿತವಾಗಿತ್ತೆಂದರೆ, ಅದನ್ನು ಜೀವನವಿಡೀ ಎಲ್ಲರಿಂದ ಕೇಳಬೇಕು ಅನ್ನಿಸಿಬಿಟ್ಟಿತು.

ದೊಡ್ಡವಳಾದ ಮೇಲೆ ಕ್ರಮವಾಗಿ ತರಬೇತಿ ಪಡೆದೆ. ನಮ್ಮ ಕೆಲಸಕ್ಕೆ ಒಂದೇ ಒಂದು ನಿಯಮ. ಬಂದದ್ದನ್ನು ಬಂದ ಹಾಗೆ ಆಚೆಗೆ ದಾಟಿಸಬೇಕು. ಕೂಡಿಸುವಂತಿಲ್ಲ, ಕಳೆಯುವಂತಿಲ್ಲ. ಬೈಗುಳವಾದರೆ ಬೈಗುಳ, ಪ್ರಶ್ನೆಯಾದರೆ ಪ್ರಶ್ನೆ. ಪ್ರಶ್ನೆಗೆ ದುಭಾಷಿ ಉತ್ತರ ಕೊಡಕೂಡದು, ಅದು ಅವಳಿಗೆ ಕೇಳಿದ್ದಲ್ಲ. ಈ ನಿಯಮವನ್ನು ನಾನು ಎಷ್ಟೋ ಜನಕ್ಕೆ ಪಾಠ ಹೇಳಿದ್ದೇನೆ. ಮೇಷ್ಟ್ರಿಗೂ ಹೇಳಿದ್ದೇನೆ.

ನಾನು ನಾಲ್ಕು ಪುಟ ಬರೆದುಕೊಂಡು ಬಂದಿದ್ದೆ. ಇಲ್ಲಿಂದ ಮುಂದೆ ಆಸ್ಪತ್ರೆ, ನ್ಯಾಯಾಲಯ, ಮದುವೆ ಮನೆಗಳ ತಮಾಷೆಯ ಪ್ರಸಂಗಗಳಿದ್ದವು. ಆದರೆ ಸ್ವಲ್ಪ ಹೊತ್ತಿನ ಹಿಂದೆ ಕಾರ್ಯದರ್ಶಿಗಳು ಸನ್ಮಾನ ಪತ್ರ ಓದಿದರು. ಅದರ ಐದನೆಯ ಸಾಲು ಕೇಳಿದಾಗಿನಿಂದ ಆ ಪುಟಗಳು ನನ್ನ ಕಣ್ಣಿಗೆ ಕಾಣುತ್ತಿಲ್ಲ. ‘ಹೊಲಿಗೆ ಕಾರ್ಖಾನೆಯ ದುರಂತದ ಸಂದರ್ಭದಲ್ಲಿ ನೊಂದವರ ದನಿಯಾದವರು’ ಎಂದಿದೆ ಅಲ್ಲಿ. ಬರೆದವರ ಮನಸ್ಸು ಒಳ್ಳೆಯದು. ಆದರೆ ಆ ಸಾಲು ಸುಳ್ಳು. ಹೇಗೆ ಸುಳ್ಳು ಎಂದು ಹೇಳದೆ ನಾನು ಇಳಿದು ಹೋಗಲಾರೆ.

ಎಂಟು ವರ್ಷದ ಹಿಂದಿನ ಮಾತು. ಆ ಕಾರ್ಖಾನೆಯಲ್ಲಿ ನೂರಾರು ಹೆಂಗಸರು, ಅವರಲ್ಲಿ ನಮ್ಮವರು, ಕಿವುಡರು, ಹದಿನಾಲ್ಕು ಮಂದಿ. ತಿಂಗಳಿಗೊಮ್ಮೆ ನನ್ನನ್ನು ಕರೆಸುತ್ತಿದ್ದರು. ಹದಿನಾಲ್ಕರಲ್ಲಿ ಒಬ್ಬಳಿಗೆ ನಾವೆಲ್ಲ ಇಟ್ಟಿದ್ದ ಸನ್ನೆಯ ಹೆಸರು ‘ಹುಬ್ಬು’. ಸನ್ನೆ ಭಾಷೆಯಲ್ಲಿ ಪ್ರಶ್ನೆ ಕೇಳುವಾಗ ಹುಬ್ಬು ಏರಬೇಕು. ಇವಳ ಹುಬ್ಬು ಇಳಿದದ್ದನ್ನೇ ಯಾರೂ ಕಂಡಿರಲಿಲ್ಲ. ಹತ್ತೊಂಬತ್ತು ವರ್ಷ. ಬೆಳಿಗ್ಗೆ ಮಳೆ ಏಕೆ ಬರಲಿಲ್ಲ ಎಂಬಲ್ಲಿಂದ ಹಿಡಿದು ಸಂಬಳದ ಚೀಟಿಯಲ್ಲಿರುವ ಪ್ರತಿ ಅಕ್ಷರದವರೆಗೆ ಅವಳಿಗೆ ಪ್ರಶ್ನೆ. ಅವಳ ತಾಯಿಯೂ ಕಿವುಡಿ, ಗಂಡ ಇಲ್ಲದವರು. ಮನೆಯಲ್ಲಿ ಕೂತು ಅಂಗಿಗಳಿಗೆ ಕಾಜಾ ಹೊಲಿಯುತ್ತಾರೆ, ಗುಂಡಿ ತೂರಿಸುವ ಆ ಸೀಳಿನ ಅಂಚಿಗೆ ಕೈಯಲ್ಲೇ ದಾರ ಕಟ್ಟುತ್ತಾರೆ. ಅದಕ್ಕೇ ಅವರು ನಮಗೆಲ್ಲ ‘ಕಾಜಾ ಅಕ್ಕ’.

ಒಂದು ಮಧ್ಯಾಹ್ನ ಮ್ಯಾನೇಜರ್ ಎಲ್ಲರನ್ನೂ ಅಂಗಳದಲ್ಲಿ ನಿಲ್ಲಿಸಿ ಬೆಂಕಿ ಬಿದ್ದರೆ ಏನು ಮಾಡಬೇಕು ಎಂದು ತಿಳಿಸಿದರು. ಗಂಟೆ ಹೊಡೆಯುತ್ತದೆ, ಕೈಯಲ್ಲಿರುವುದನ್ನು ಬಿಡಿ, ಹಿಂದಿನ ಮೆಟ್ಟಿಲಿಂದ ಇಳಿಯಿರಿ. ನಾನು ಒಂದಕ್ಷರ ಬಿಡದೆ ದಾಟಿಸಿದೆ. ಕೊನೆಗೆ ಹುಬ್ಬು ಕೈ ಎತ್ತಿದಳು.

“ಗಂಟೆ ಹೊಡೆದದ್ದು ನಮಗೆ ಹೇಗೆ ಗೊತ್ತಾಗುತ್ತೆ?”

ಮ್ಯಾನೇಜರ್ ಗಡಿಯಾರ ನೋಡಿಕೊಂಡರು. “ಏನಂತಮ್ಮ ಅವಳದು?”

ಅಲ್ಲೇ ಇದ್ದೆ ನಾನು. ಮೂರು ಹೆಜ್ಜೆ ಆಚೆ ಅವಳು, ಎರಡು ಹೆಜ್ಜೆ ಈಚೆ ಅವರು. ಪ್ರಶ್ನೆಯನ್ನು ಐದು ಹೆಜ್ಜೆ ದಾಟಿಸಬೇಕಿತ್ತು. ನನಗೆ ಹಸಿವಾಗಿತ್ತು. ಬಿಸಿಲಿತ್ತು. ಹುಬ್ಬು ಕೇಳುವುದು ಇದ್ದದ್ದೇ ಎನಿಸಿತು. ಇದನ್ನೆಲ್ಲ ಕಾರಣ ಎಂದು ಹೇಳುತ್ತಿಲ್ಲ. ಎಲ್ಲ ಸುಸೂತ್ರವಾಗಿ ಮುಗಿಯುತ್ತಿದೆ, ನಾನಿದ್ದ ಕಡೆ ತಕರಾರಿಲ್ಲ ಎಂಬ ಆ ಹಳೆಯ ಹಿತ, ಅದೇ ಕಾರಣ. ನಾನು ನಕ್ಕು ಹೇಳಿದೆ:

“ಏನಿಲ್ಲ ಸಾರ್. ಅರ್ಥ ಆಯ್ತಂತೆ.”

ಹುಬ್ಬುವಿನ ಕಡೆ ತಿರುಗಿ ಸನ್ನೆಯಲ್ಲಿ ಅಂದೆ: “ಪಕ್ಕದವರನ್ನ ನೋಡ್ಕೊಂಡಿರು. ಅವರು ಎದ್ರೆ ನೀನೂ ಏಳು.”

ಅವಳ ಹುಬ್ಬು ಇಳಿಯಿತು. ನಾನೇ ಕಣ್ಣಾರೆ ಕಂಡೆ. ಆಮೇಲೆ ಮ್ಯಾನೇಜರ್ ಒಂದು ಕಾಗದ ಚಾಚಿದರು. ‘ಎಲ್ಲ ಸೂಚನೆಗಳನ್ನು ಕಿವುಡ ನೌಕರರಿಗೆ ತಿಳಿಸಲಾಗಿದೆ. ಎಲ್ಲರಿಗೂ ಅರ್ಥವಾಗಿದೆ. ಪ್ರಶ್ನೆಗಳಿಲ್ಲ.’ ನಾನು ರುಜು ಹಾಕಿದೆ.

ಮೇಷ್ಟ್ರೇ, ನಿಮ್ಮ ಕೈ ನಿಂತುಹೋಯಿತು. ನಿಲ್ಲಿಸಬೇಡಿ. ಇದು ಎಲ್ಲರಿಗೂ ತಲುಪಬೇಕು. ಕಾಜಾ ಅಕ್ಕ ಮೂರನೆಯ ಸಾಲಿನಲ್ಲಿದ್ದಾರೆ, ಅವರಿಗೆ ಇದೆಲ್ಲ ಗೊತ್ತು. ಅವರ ಸಲುವಾಗಿ ಹೆದರಬೇಡಿ.

ಏಳು ತಿಂಗಳ ನಂತರ, ಬೆಳಿಗ್ಗೆ ಹನ್ನೊಂದೂಕಾಲಿಗೆ, ಇಸ್ತ್ರಿ ಮಾಡುವ ಕೋಣೆಯಲ್ಲಿ ಬೆಂಕಿ ಹತ್ತಿತು. ಗಂಟೆ ಹೊಡೆಯಿತು. ಬಹಳ ಚೆನ್ನಾಗಿ ಹೊಡೆಯಿತು, ಎರಡು ಬೀದಿ ಆಚೆಗೂ ಕೇಳಿಸಿತಂತೆ. ನೂರಾರು ಜನ ಇಳಿದು ಬಂದರು. ನಮ್ಮವರು ಹನ್ನೊಂದು ಮಂದಿ, ಪಕ್ಕದವರನ್ನು ನೋಡಿಕೊಂಡು, ಇಳಿದು ಬಂದರು. ಉಳಿದ ಮೂವರನ್ನು ಒಂದು ತಿಂಗಳ ಹಿಂದಷ್ಟೇ ಒಳಗಿನ ಕೋಣೆಗೆ ಹಾಕಿದ್ದರು. ಗಾಳಿ ಒತ್ತುವ ದೊಡ್ಡ ಯಂತ್ರ ಅಲ್ಲಿತ್ತು, ಭಾರೀ ಸದ್ದು. ‘ನಿಮಗೆ ಸದ್ದಿನ ತೊಂದರೆ ಇಲ್ಲವಲ್ಲ’ ಎಂದು ಮೂವರನ್ನೂ ಒಟ್ಟಿಗೆ ಅಲ್ಲಿ ಕೂರಿಸಿದ್ದರು. ಹುಬ್ಬು ಮತ್ತು ಇನ್ನಿಬ್ಬರು. ಅವರು ಪಕ್ಕದವರನ್ನು ನೋಡಿಕೊಂಡೇ ಇದ್ದಿರಬೇಕು. ನಾನು ಹೇಳಿದ ಹಾಗೇ ಮಾಡಿರಬೇಕು. ಒಬ್ಬರನ್ನೊಬ್ಬರು ನೋಡಿಕೊಂಡಿದ್ದಾರೆ. ಯಾರೂ ಏಳಲಿಲ್ಲ, ಆದ್ದರಿಂದ ಯಾರೂ ಏಳಲಿಲ್ಲ.

ಸ್ವಲ್ಪ ನೀರು ಕುಡಿಯುತ್ತೇನೆ.

ವಿಚಾರಣೆ ನಡೆಯಿತು. ಆ ಕಾಗದವನ್ನು ಮೇಜಿನ ಮೇಲಿಟ್ಟರು. ಪ್ರಶ್ನೆಗಳಿಲ್ಲ ಎಂದ ಮೇಲೆ ಇನ್ನೇನು? ಕಾರ್ಖಾನೆಯವರ ತಪ್ಪಿಲ್ಲ ಎಂದಾಯಿತು. ಆ ವಿಚಾರಣೆಯಲ್ಲಿ ನೊಂದ ತಾಯಂದಿರ ಮಾತನ್ನು ದಾಟಿಸಿದವಳೂ ನಾನೇ. ಮುಗಿದ ಮೇಲೆ ಅಧಿಕಾರಿ ನನಗೆ ಕೈಮುಗಿದು, “ನೀವಿಲ್ಲದಿದ್ರೆ ಇವರ ಗತಿ ಏನಮ್ಮ” ಎಂದರು. ಆ ಮಾತನ್ನು ಮಾತ್ರ ನಾನು ಯಾರಿಗೂ ದಾಟಿಸಲಿಲ್ಲ.

ಮಣ್ಣು ಮಾಡುವ ದಿನ ಸಭಾಪಾಲಕರು ನಮ್ಮ ವೇದಪುಸ್ತಕವಾದ ಬೈಬಲಿನಿಂದ ಅಳುವ ಪ್ರವಾದಿಯ ಒಂದು ಅಧ್ಯಾಯ ಓದಿದರು. ಊರು ಹಾಳಾಗುವುದನ್ನು ಮುಂಚೆಯೇ ಸಾರಿ, ಯಾರೂ ಕೇಳದೆ, ಕೊನೆಗೆ ಹಾಳಾದದ್ದನ್ನು ಕಣ್ಣಿಂದ ನೋಡಿ ಅತ್ತವನು ಆತ. ಅಲ್ಲೊಬ್ಬ ತಾಯಿ ಬರುತ್ತಾಳೆ. ಮಕ್ಕಳಿಗಾಗಿ ಗೋಳಾಡುತ್ತಾಳೆ, ಮಕ್ಕಳಿಲ್ಲವಲ್ಲ, ನನಗೆ ಸಮಾಧಾನವೇ ಬೇಡ ಎನ್ನುತ್ತಾಳೆ. ಸಮಾಧಾನ ಎಂಬುದಕ್ಕೆ ನಮ್ಮಲ್ಲಿ ಅಂಗೈಯನ್ನು ಎದೆಯ ಮೇಲಿಟ್ಟು ಮೆಲ್ಲಗೆ ಕೆಳಕ್ಕೆ ಸವರುತ್ತೇವೆ. ಬೇಡ ಎಂದರೆ ಅದೇ ಕೈಯನ್ನು ಎದೆಯಿಂದ ಕಿತ್ತು ಎಸೆಯಬೇಕು. ನಾನು ಹಾಗೆ ಮಾಡಿದಾಗ ಕಾಜಾ ಅಕ್ಕ ಎದ್ದು ಬಂದು ನನ್ನ ಮಣಿಕಟ್ಟು ಹಿಡಿದರು. “ಇನ್ನೊಂದು ಸಲ” ಎಂದರು. ಇನ್ನೊಂದು ಸಲ ಮಾಡಿದೆ. ಮುಂದಿನ ಮಾತಿಗೆ ಹೋಗಲು ಬಿಡಲಿಲ್ಲ.

ಅಂದಿನಿಂದ ಪ್ರತಿ ಭಾನುವಾರ ಆರಾಧನೆ ಮುಗಿದ ಮೇಲೆ, ಮುರಿದ ಬೆಂಚುಗಳನ್ನು ಒಟ್ಟಿರುವ ಆ ಹಿಂದಿನ ಕೋಣೆಯಲ್ಲಿ ನಾವಿಬ್ಬರೂ ಕೂತೆವು. ಪ್ರತಿ ಸಲ ಅದೇ ಅಧ್ಯಾಯ, ಪ್ರತಿ ಸಲ ಅಲ್ಲಿಗೇ ನಿಲುಗಡೆ. ಆರೂವರೆ ವರ್ಷ. ಜನ ನೋಡಿ, ‘ಎಂಥ ಸೇವೆ’ ಎಂದರು. ಸೇವೆಯೇ? ಕೊಂದವಳು ಕೊಂದ ಮನೆಯಲ್ಲೇ ಕೆಲಸಕ್ಕೆ ಸೇರಿದ ಹಾಗಿತ್ತು ಅದು. ಆ ತಾಯಿ ಸಮಾಧಾನ ಬೇಡ ಎನ್ನುತ್ತಿದ್ದರೆ ನನಗೆ ಒಳಗೊಳಗೇ ನೆಮ್ಮದಿ. ಅವರು ಅಳುತ್ತಿರುವಷ್ಟು ದಿನ ಅವರು ನನ್ನನ್ನು ಏನೂ ಕೇಳುವುದಿಲ್ಲವಲ್ಲ ಎಂಬ ನೆಮ್ಮದಿ. ಇದನ್ನು ಹೇಳಬೇಕೆಂದು ಅಂದುಕೊಂಡಿರಲಿಲ್ಲ. ಬಾಯಿಗೆ ಬಂತು.

ಹೋದ ವರ್ಷ ಒಂದು ಭಾನುವಾರ ಅಕ್ಕ, “ಈ ಮುದುಕ ಯಾಕೆ ಅಷ್ಟು ಅಳ್ತಾನೆ? ಮೊದಲಿಂದ ಹೇಳು” ಎಂದರು. ಹಾಗೆ ಮೊದಲ ಅಧ್ಯಾಯದಿಂದ ಶುರುವಾಯಿತು. ಅದು ಸುಲಭದ ಓದಲ್ಲ. ಪುಟ ಪುಟಕ್ಕೂ ತೀರ್ಪು, ಪುಟ ಪುಟಕ್ಕೂ ದಂಡನೆ. ಆರನೆಯ ಅಧ್ಯಾಯಕ್ಕೆ ಬಂದಾಗ ಒಂದು ಮಾತಿದೆ. ಜನರ ಆಳವಾದ ಗಾಯವನ್ನು ಇವರು ಮೇಲೆ ಮೇಲೆ ಸವರಿ, ಎಲ್ಲ ಚೆನ್ನಾಗಿದೆ, ಎಲ್ಲ ಚೆನ್ನಾಗಿದೆ ಎನ್ನುತ್ತಾರೆ. ಚೆನ್ನಾಗಿರುವುದು ಏನೂ ಇಲ್ಲ, ಅನ್ನುತ್ತಾನೆ ಪ್ರವಾದಿ. ಅದನ್ನು ಓದಿದಾಗ ನನಗೆ ಕೇಳಿಸಿದ್ದು ನನ್ನದೇ ದನಿ. ‘ಏನಿಲ್ಲ ಸಾರ್. ಅರ್ಥ ಆಯ್ತಂತೆ.’ ನಾನು ಆ ಸಾಲನ್ನು ಹಾರಿಸಿ ಮುಂದಿನದಕ್ಕೆ ಹೋದೆ.

ಕಾಜಾ ಅಕ್ಕನಿಗೆ ಓದು ಅಷ್ಟಕ್ಕಷ್ಟೇ. ಆದರೆ ಜೀವಮಾನವಿಡೀ ಹೊಲಿಗೆಯ ಎಳೆ ಎಣಿಸಿದವರು. ಸಾಲಿನ ಮೇಲೆ ಬೆರಳಿಟ್ಟು ಎಣಿಸುತ್ತಿದ್ದರು. “ಒಂದು ಬಿಟ್ಟೆ ನೀನು” ಎಂದರು.

ಬಿಟ್ಟದ್ದನ್ನು ಹೇಳಿದೆ. ಹೇಳಿದ ಮೇಲೆ ನನ್ನ ಕೈ ನಿಲ್ಲಲಿಲ್ಲ. ಅಂಗಳ, ಬಿಸಿಲು, ಹುಬ್ಬುವಿನ ಪ್ರಶ್ನೆ, ನನ್ನ ನಗು, ಕಾಗದ, ಎಲ್ಲವನ್ನೂ ಅದೇ ಕೈ ಹೇಳಿಬಿಟ್ಟಿತು. ಮುಗಿಸಿ, “ಅಕ್ಕಾ” ಎಂದು ಅವರ ಮೊಣಕಾಲು ಮುಟ್ಟಿದೆ. ಅಕ್ಕ ಕಣ್ಣು ಮುಚ್ಚಿಕೊಂಡರು.

ಕೇಳುವ ಸಭಿಕರಿಗೆ ಇದರ ಅರ್ಥ ಬಿಡಿಸಿ ಹೇಳಬೇಕು. ನೀವು ಜಗಳದಲ್ಲಿ ಬಾಗಿಲು ಬಡಿದುಕೊಂಡು ಹೋಗಬಹುದು. ಕಿವುಡರು ಕಣ್ಣು ಮುಚ್ಚಿದರೆ ಮುಗಿಯಿತು, ಅದರಾಚೆಗೆ ಯಾವ ಮಾತೂ ಹೋಗುವುದಿಲ್ಲ. ಆಮೇಲೆ ಹದಿನಾಲ್ಕು ಭಾನುವಾರ ಅವರು ಆರಾಧನೆಗೆ ಬಂದರು, ಎರಡನೆಯ ಬೆಂಚಿನಲ್ಲಿ ಕೂತರು, ನಾನು ಕೈ ಎತ್ತಿದೊಡನೆ ಕಣ್ಣು ಮುಚ್ಚಿದರು. ನಾನು ಕೈ ಇಳಿಸಿದ ಮೇಲೆ ತೆರೆದು, ಎದ್ದು ಹೋದರು. ನರಕ ಎಂಬುದರ ಬಗ್ಗೆ ಸಭಾಪಾಲಕರು ಹಲವು ಸಲ ಬೋಧಿಸಿದ್ದಾರೆ. ನಾನು ಅದನ್ನು ದಾಟಿಸಿಯೂ ಇದ್ದೇನೆ. ಅಯ್ಯನವರೇ, ಅದರಲ್ಲಿ ಬೆಂಕಿ ಇರಬೇಕೆಂದೇನೂ ಇಲ್ಲ.

ಹದಿನೈದನೆಯ ಭಾನುವಾರ ಅಕ್ಕ ನೇರವಾಗಿ ಹಿಂದಿನ ಕೋಣೆಗೆ ಬಂದು ಕೂತರು.

ನಾನು ಕೇಳಿದೆ: “ಅಕ್ಕಾ, ಕ್ಷಮಿಸ್ತೀಯಾ?”

“ಸಮಾಧಾನ ಬೇಡ ಅಂದವಳು ನಾನು” ಎಂದರು. “ನನ್ನ ಹತ್ರಾನೇ ಇಲ್ಲದ್ದನ್ನ ನಿನಗೆ ಎಲ್ಲಿಂದ ತಂದು ಕೊಡ್ಲಿ?”

ನಾನು ತಲೆ ತಗ್ಗಿಸಿದೆ. ಅವರು ಗಲ್ಲ ಹಿಡಿದು ಎತ್ತಿದರು. ಪ್ರೀತಿಯಿಂದಲ್ಲ, ತಲೆ ತಗ್ಗಿಸಿದರೆ ಅವರ ಕೈ ನನಗೆ ಕಾಣುವುದಿಲ್ಲವಲ್ಲ, ಅದಕ್ಕೆ. “ಆ ಕಾಗದ ಇಟ್ಕೊಂಡಿದಾರಲ್ಲ, ಅವರ ಹತ್ರ ಹೋಗು. ನನಗೆ ಹೇಳಿದ್ದನ್ನೇ ಹೇಳು. ಒಂದೂ ಬಿಡಬೇಡ.”

ಹೋದೆ. ಮೂರು ದಿನ ವಿಚಾರಣೆ ಕಚೇರಿಯ ಬೆಂಚಿನ ಮೇಲೆ ಕಾದೆ. ಈಗಿರುವ ಅಧಿಕಾರಿ ಚಿಕ್ಕ ವಯಸ್ಸಿನವರು, ಸಜ್ಜನರು. “ಅಮ್ಮಾ, ಈಗ್ಯಾಕೆ ಇದು? ಎಲ್ಲರೂ ಮರೆತಾಗಿದೆ” ಎಂದರು.

“ಎಲ್ಲರೂ ಅಂದ್ರೆ ಯಾರು ಸಾರ್?” ಎಂದು ಕೇಳಿದೆ.

ಅವರು ನನ್ನ ಹೇಳಿಕೆ ಬರೆಸಿಕೊಂಡರು. ಕಡತ ಮತ್ತೆ ತೆರೆದಿದೆ. ಏನಾಗುತ್ತದೆ ಎಂದು ಕೇಳಬೇಡಿ. ಕಾರ್ಖಾನೆಯನ್ನು ಮಾರಿ ವರ್ಷಗಳಾದವು. ಮ್ಯಾನೇಜರ್ ತೀರಿಕೊಂಡರು. ಆ ಕಾಗದದ ಮೇಲಿನ ರುಜುಗಳಲ್ಲಿ ಜೀವಂತ ಉಳಿದದ್ದು ನನ್ನದೊಂದೇ. ಮುಂದಿನ ತಿಂಗಳು ನಾನು ವಿಚಾರಣೆಯಲ್ಲಿ ನಿಲ್ಲಬೇಕು, ಈ ಸಲ ಮೂಲೆಯಲ್ಲಲ್ಲ. ಅಕ್ಕನ ಮಾತು ದಾಟಿಸಲು ಮೇಷ್ಟ್ರು ಬರುತ್ತಾರೆ. ಅಧ್ಯಕ್ಷರೇ, ಆದ್ದರಿಂದ ಈ ಸನ್ಮಾನ ಪತ್ರವನ್ನು ನಾನು ಮನೆಗೆ ಒಯ್ಯಲಾರೆ. ಪಾಪ, ಚೌಕಟ್ಟನ್ನೂ ಹಾಕಿಸಿಬಿಟ್ಟಿದ್ದೀರಿ. ಐದನೆಯ ಸಾಲು ತೆಗೆದು ಚೌಕಟ್ಟನ್ನು ಬೇರೆ ಯಾರಿಗಾದರೂ ಬಳಸಿಕೊಳ್ಳಿ.

ಇನ್ನು ಎರಡೇ ಮಾತು.

ಕಚೇರಿಯಿಂದ ಬಂದು ಹೇಳಿದ ಮೇಲೆ ಅಕ್ಕ ಓದು ಮುಂದುವರಿಸಿದರು. ಎಲ್ಲ ತೀರ್ಪುಗಳನ್ನೂ ಸಾಲು ಎಣಿಸಿಯೇ ದಾಟಿದೆವು. ಹೋದ ಭಾನುವಾರ ಆ ತಾಯಿಯ ಅಧ್ಯಾಯಕ್ಕೆ ಬಂದೆವು. ಸಮಾಧಾನ ಬೇಡ ಎಂದು ಕೈ ಎಸೆದೆ, ಅಭ್ಯಾಸಬಲದಿಂದ ನಿಂತೆ. ಅಕ್ಕ ನನ್ನ ಮಣಿಕಟ್ಟು ಹಿಡಿಯಲಿಲ್ಲ. ಕಾಯುತ್ತಿದ್ದರು. ಏಳು ವರ್ಷದಲ್ಲಿ ಮೊದಲ ಸಲ ಮುಂದಿನ ಮಾತಿಗೆ ಹೋದೆ. ದೇವರು ಆ ತಾಯಿಗೆ, ಅಳು ನಿಲ್ಲಿಸು, ನೀನು ಪಟ್ಟ ಪಾಡು ವ್ಯರ್ಥವಲ್ಲ, ಮಕ್ಕಳು ಶತ್ರುವಿನ ನಾಡಿಂದ ತಮ್ಮ ಊರಿಗೆ ತಿರುಗಿ ಬರುತ್ತಾರೆ, ನಿನ್ನ ಮುಂದಿನ ದಿನಗಳಿಗೆ ನಿರೀಕ್ಷೆ ಇದೆ, ಎನ್ನುತ್ತಾನೆ.

ಅಕ್ಕನ ಹುಬ್ಬು ಏರಿತು. ಮಗಳಿಗೆ ಅದು ಎಲ್ಲಿಂದ ಬಂದದ್ದೆಂದು ನನಗೆ ಆಗ ತಿಳಿಯಿತು.

“ನನ್ನವಳು ಎಲ್ಲಿಂದ ಬರ್ತಾಳೆ? ಯಾವಾಗ?”

ನನ್ನ ಹತ್ತಿರ ಹಿತವಾದ ಉತ್ತರಗಳು ಬೇಕಾದಷ್ಟಿದ್ದವು. ಮೂವತ್ತೊಂದು ವರ್ಷದ ಉಪದೇಶಗಳು ಈ ಕೈಯಲ್ಲೇ ಹಾದು ಹೋಗಿವೆ. ನಾನು ಎದ್ದು ಸಭಾಪಾಲಕರನ್ನು ಹುಡುಕಿದೆ. ಅವರು ಕಿಟಕಿಗಳನ್ನು ಮುಚ್ಚುತ್ತಿದ್ದರು. ಕರೆತಂದು ಅಕ್ಕನ ಎದುರು ನಿಲ್ಲಿಸಿ, ಅವರ ಪ್ರಶ್ನೆಯನ್ನು ಇದ್ದ ಹಾಗೆ ಹೇಳಿದೆ. ಅಯ್ಯನವರು ಒಂದು ಮುರುಕು ಬೆಂಚಿನ ಮೇಲೆ ಕೂತು, “ನನಗೆ ಗೊತ್ತಿಲ್ಲ ಅಕ್ಕಾ. ಬರ್ತಾಳೆ ಅಂತ ನಂಬಿದೀನಿ. ಹೇಗೆ ಅಂತ ಗೊತ್ತಿಲ್ಲ” ಎಂದರು. ಅವರ ದನಿ ಒಡೆದಿತ್ತು. ಒಡೆದದ್ದನ್ನೂ ಸೇರಿಸಿ ಹೇಳಿದೆ.

ಅಕ್ಕ ಅವರನ್ನು ನೋಡಿದರು, ನನ್ನನ್ನು ನೋಡಿದರು. ಪುಸ್ತಕ ಮಡಿಸಿ ನನ್ನ ಮಡಿಲಿಗಿಟ್ಟರು. “ಸರಿ. ಬರೋ ಭಾನುವಾರ ಮುಂದಿನ ಅಧ್ಯಾಯ” ಎಂದು ಎದ್ದು ಹೋದರು.

ನಿರೀಕ್ಷೆಯ ಬಗ್ಗೆ ನಾಲ್ಕು ಮಾತಾಡಿ ಎಂದು ಕಾರ್ಯದರ್ಶಿಗಳು ಹೇಳಿದ್ದರು. ನನಗೆ ಗೊತ್ತಿರುವುದು ಇಷ್ಟೇ. ಇದು ಬಹಳ ಸಣ್ಣದು, ನನಗೂ ಗೊತ್ತು. ಹುಬ್ಬು ಬರಲಿಲ್ಲ. ನನಗೆ ಕ್ಷಮೆ ಸಿಗಲಿಲ್ಲ, ಸಿಗಬೇಕೆಂದೂ ಇಲ್ಲ.

ನಾಳೆ ಭಾನುವಾರ. ಮುಂದಿನ ಅಧ್ಯಾಯವನ್ನು ನಾನು ಮುಂಚೆಯೇ ಓದಿಕೊಂಡಿದ್ದೇನೆ. ಅಲ್ಲಿ ಶತ್ರುಗಳು ಊರನ್ನು ಸುತ್ತುಗಟ್ಟಿದ್ದಾರೆ, ಊರು ಇನ್ನೇನು ಬೀಳುತ್ತದೆ, ಪ್ರವಾದಿಯನ್ನು ಸೆರೆಯಲ್ಲಿಟ್ಟಿದ್ದಾರೆ. ಅಂಥ ಹೊತ್ತಿನಲ್ಲಿ ಆ ಮುದುಕ ಸಾಕ್ಷಿಗಳನ್ನು ಕೂರಿಸಿಕೊಂಡು, ಪತ್ರ ಬರೆಸಿ, ಮುದ್ರೆ ಹಾಕಿ, ಈ ನಾಡಲ್ಲಿ ಜನ ಮತ್ತೆ ಹೊಲ ಮನೆ ಕೊಳ್ಳುವ ದಿನ ಬರುತ್ತದೆಂದು ಒಂದು ಹೊಲ ಕೊಳ್ಳುತ್ತಾನೆ. ಅಕ್ಕನಿಗೆ ಇದಿನ್ನೂ ಗೊತ್ತಿಲ್ಲ. ಮೇಷ್ಟ್ರೇ, ನಿಮ್ಮ ಕೈಯಿಂದ ಈಗ ಗೊತ್ತಾಯಿತು, ಇರಲಿ. ಒಂದು ವಾರದಿಂದ ಕನ್ನಡಿಯ ಮುಂದೆ ಅಭ್ಯಾಸ ಮಾಡುತ್ತಿದ್ದೇನೆ. ಹೊಲ ಎನ್ನಬೇಕಾದರೆ ಎರಡೂ ಅಂಗೈಗಳನ್ನು ಅಗಲವಾಗಿ ಬಿಡಿಸಿ ಹಾಸಬೇಕು. ನನ್ನವು ಪೂರ್ತಿ ಬಿಡಿಸಿಕೊಳ್ಳುವುದಿಲ್ಲ. ಹೊಲ ಸ್ವಲ್ಪ ಚಿಕ್ಕದಾಗಿ ಕಾಣುತ್ತದೆ.

ಇಷ್ಟು ಹೊತ್ತು ಕೇಳಿದವರಿಗೂ, ಕಣ್ಣು ತೆರೆದು ನೋಡಿದವರಿಗೂ, ನಿಲ್ಲಿಸದೆ ದಾಟಿಸಿದ ಮೇಷ್ಟ್ರ ಕೈಗಳಿಗೂ ನನ್ನ ಕೃತಜ್ಞತೆ. ನಮಸ್ಕಾರ.